ಮ್ಯೂಸಿಯಂನಿಂದ ಕಾಣೆಯಾದವಳು: ಆರ್ಕೇಡ್ ಸಂಕಲನಗಳೂ ಗ್ರಂಥಸಂಪಾದನೆಯೂ

ಕನ್ನಡ ಎಂ.ಎ. ಓದುವವಳಿಗೆ ಆರ್ಕೇಡ್ ಆಟಗಳ ಉಸಾಬರಿ ಯಾಕೆ ಅಂತ ಕೆಲವರಿಗೆ ಅನಿಸಬಹುದು. ನನ್ನ ವಾದ ಇಷ್ಟೇ: ನಾಣ್ಯ ಹಾಕಿ ಆಡುತ್ತಿದ್ದ ಹಳೆಯ ಆಟಗಳನ್ನು ಹೊಸ ಯಂತ್ರಗಳಿಗಾಗಿ ಆಯ್ದು ಕೊಡುವ ಪ್ರತಿ ಸಂಕಲನವೂ ಒಂದು ಗ್ರಂಥಸಂಪಾದನೆ. ಆದ್ದರಿಂದ ಸಂಪಾದಕರನ್ನು ಕೇಳುವ ಪ್ರಶ್ನೆಗಳನ್ನೇ ಅದಕ್ಕೂ ಕೇಳಬೇಕು.

ನಾಮ್ಕೊ ಕಂಪನಿ 1980ರಲ್ಲಿ ಜಪಾನಿನಲ್ಲಿ ತಂದದ್ದು ‘ಪಕ್ ಮ್ಯಾನ್’. ಅಮೆರಿಕದಲ್ಲಿ ಮಿಡ್‌ವೇ ಅದನ್ನು ‘ಪ್ಯಾಕ್-ಮ್ಯಾನ್’ ಎಂಬ ಹೆಸರಿನಲ್ಲಿ ತಂದಿತು. ಜನರಲ್ ಕಂಪ್ಯೂಟರ್ ಎಂಬ ಇನ್ನೊಂದು ಸಂಸ್ಥೆ ಅದಕ್ಕೆ ‘ಕ್ರೇಜಿ ಆಟೋ’ ಎಂಬ ಮಾರ್ಪಾಡು ಮಾಡಿತು. ಮಿಡ್‌ವೇ ಅದನ್ನೇ ಕೊಂಡು 1982ರಲ್ಲಿ ‘ಮಿಸ್ ಪ್ಯಾಕ್-ಮ್ಯಾನ್’ ಮಾಡಿತು. ನಮ್ಮ ಪರಿಭಾಷೆಯಲ್ಲಿ ಹೇಳುವುದಾದರೆ, ಪ್ರಕ್ಷೇಪವೇ ಒಂದು ಕೃತಿಯಾಗಿ ನಿಂತಿತು.

1996ರ ‘ನಾಮ್ಕೊ ಮ್ಯೂಸಿಯಂ’ ಮೂರನೆಯ ಸಂಪುಟದಲ್ಲಿ ಅವಳಿದ್ದಾಳೆ. 2022ರ ‘ಪ್ಯಾಕ್-ಮ್ಯಾನ್ ಮ್ಯೂಸಿಯಂ ಪ್ಲಸ್’ನ 14 ಆಟಗಳಲ್ಲಿ ಇಲ್ಲ. ಅಷ್ಟೇ ಅಲ್ಲ, ಅದರಲ್ಲಿರುವ 1984ರ ‘ಪ್ಯಾಕ್-ಲ್ಯಾಂಡ್’ ಆಟದಲ್ಲಿ ಅವಳ ಜಾಗಕ್ಕೆ ‘ಪ್ಯಾಕ್-ಮಾಮ್’ ಎಂಬ ಹೊಸ ಪಾತ್ರ ಬಂದಿದೆ. ಇದು ಬರೀ ಬಿಟ್ಟುಬಿಡುವುದಲ್ಲ, ಮೂಲಪಾಠವನ್ನೇ ತಿದ್ದುವುದು. ಹೆಸರು ಮಾತ್ರ ಮ್ಯೂಸಿಯಂ!

ಇದಕ್ಕೆ ಎದುರಾಗಿ ಇಟಲಿಯ ನಿಕೋಲಾ ಸಾಲ್ಮೋರಿಯಾ 1997ರಲ್ಲಿ ಆರಂಭಿಸಿದ ‘ಮೇಮ್’ ಎಮ್ಯುಲೇಟರನ್ನು ನೋಡಿ. ಅದರ ಗುರಿ ದಾಖಲೀಕರಣ. ಒಂದೊಂದು ಆಟದ ಕೆಳಗೂ ದೇಶವಾರು ಆವೃತ್ತಿ, ತಿದ್ದುಪಡಿ, ಕಳ್ಳಪ್ರತಿ ಎಲ್ಲ ಪಾಠಾಂತರಗಳ ಹಾಗೆ ಪಟ್ಟಿಯಾಗಿವೆ. ಅಷ್ಟನ್ನೂ ಹೊಸಬರ ಮುಂದೆ ಸುರಿದರೆ ಯಾರು ಆಡುತ್ತಾರೆ, ಹೇಳಿ? 2014ರಲ್ಲಿ ಇಂಟರ್ನೆಟ್ ಆರ್ಕೈವ್ ಸುಮಾರು 900 ಆಟಗಳನ್ನು ಬ್ರೌಸರಿನಲ್ಲೇ ಆಡುವಂತೆ ಕೊಟ್ಟದ್ದು ದೊಡ್ಡ ಉಪಕಾರ. ಆಯ್ಕೆ ಬೇಕೇ ಬೇಕು. ಆಯ್ದದ್ದು ತಪ್ಪಲ್ಲ, ಬಿಟ್ಟದ್ದನ್ನೂ ತಿದ್ದಿದ್ದನ್ನೂ ಅಡಿಟಿಪ್ಪಣಿಯಲ್ಲಿ ಹೇಳದಿರುವುದು ತಪ್ಪು.

ಮೇಮ್ ಕೂಡ ನಿಷ್ಪಕ್ಷಪಾತಿಯೇನಲ್ಲ. ಅಲ್ಲಿ ‘ಪಕ್ ಮ್ಯಾನ್’ ಪೇರೆಂಟ್, ‘ಪ್ಯಾಕ್-ಮ್ಯಾನ್’ ಕ್ಲೋನ್. ಅಮೆರಿಕದಲ್ಲಿ ಆಡಿ ಬೆಳೆದವರಿಗೆ ಕ್ಲೋನೇ ಮೂಲ! ಕಾಸರಗೋಡಿನವಳಾದ ನನಗೆ ಈ ಪದ ಸ್ವಲ್ಪ ಚುಚ್ಚುತ್ತದೆ. ನಮ್ಮ ಮನೆಮಾತನ್ನೂ ‘ಶುದ್ಧ’ ಕನ್ನಡದ ಒಂದು ರೂಪಾಂತರ ಅಂತಲೇ ಗುರುತಿಸುವುದನ್ನು ಕೇಳಿದ್ದೇನೆ. ಆದರೂ ಮೇಮ್‌ನಲ್ಲಿ ಕ್ಲೋನ್ ಪಟ್ಟಿಯಲ್ಲಿ ಉಳಿದಿದೆ, ತೆರೆದು ಆಡಬಹುದು, ಪೇರೆಂಟಿನ ಜೊತೆ ಹೋಲಿಸಬಹುದು. ಕಾಣೆಯಾದವಳ ವಿಷಯದಲ್ಲಿ ಹಾಗಲ್ಲ. 2022ರ ಸಂಕಲನವನ್ನಷ್ಟೇ ಆಡಿದ ಮಗುವಿಗೆ ಅವಳು ಇದ್ದಳು ಅಂತ ಗೊತ್ತಾಗುವುದಾದರೂ ಹೇಗೆ?

ಇಲ್ಲಿಗೆ ನಿಲ್ಲಿಸುತ್ತೇನೆ. ಉಳಿದದ್ದು ಚರ್ಚೆಗೆ.