ಕ್ಷಮಿಸುವ ಅಧಿಕಾರ ಯಾರದು?

ಶೂದ್ರಕನ ‘ಮೃಚ್ಛಕಟಿಕ’ವನ್ನು ಮೋಹನ್ ಭವನಾನಿಯವರು 1930ರ ದಶಕದ ಆರಂಭದಲ್ಲಿ ಮೂಕಿಚಿತ್ರವಾಗಿ ತೆರೆಗೆ ತಂದರು. ಏಣಾಕ್ಷಿ ರಾಮರಾವ್, ಕಮಲಾದೇವಿ ಚಟ್ಟೋಪಾಧ್ಯಾಯ, ಟಿ. ಪಿ. ಕೈಲಾಸಂ ಅವರು ಅದರಲ್ಲಿ ಅಭಿನಯಿಸಿದ್ದರು. 1941ರಲ್ಲಿ ಅದೇ ಕಥೆ ‘ವಸಂತಸೇನಾ’ ಎಂಬ ಕನ್ನಡ ವಾಕ್ಚಿತ್ರವಾಯಿತು.

ರಾಜಶ್ಯಾಲನಾದ ಶಕಾರನು ತನಗೆ ಒಲಿಯದ ವಸಂತಸೇನೆಯ ಕತ್ತು ಹಿಸುಕಿ, ಆ ಕೊಲೆಯ ಅಪವಾದವನ್ನು ಚಾರುದತ್ತನ ಮೇಲೆ ಹೊರಿಸುತ್ತಾನೆ. ಆದರೆ ಆಕೆ ಸತ್ತಿರುವುದಿಲ್ಲ. ಹಿಂದೊಮ್ಮೆ ಜೂಜಿನ ಸಾಲದಿಂದ ಆಕೆ ಬಿಡಿಸಿದ್ದವನೇ ಈಗ ಭಿಕ್ಷುವಾಗಿ ಆಕೆಯನ್ನು ಉಳಿಸುತ್ತಾನೆ.

ಜಪಾನಿನ ಮಿಜೊಗುಚಿ ಕೆಂಜಿಯವರ 1933ರ ಮೂಕಿಚಿತ್ರ ‘ತಾಕಿ ನೊ ಶಿರಾಇತೊ’ ಇದರೊಡನೆ ಹೋಲಿಸಿ ನೋಡತಕ್ಕದ್ದು. ಜಲವಿದ್ಯೆಯ ಕಲಾವಿದೆಯೊಬ್ಬಳು ತಾನು ಪ್ರೀತಿಸಿದ ತರುಣನ ವಿದ್ಯಾಭ್ಯಾಸಕ್ಕೆ ಹಣ ಒದಗಿಸುತ್ತಾಳೆ. ಅದಕ್ಕಾಗಿ ಸಾಲಕ್ಕೆ ಸಿಲುಕಿ, ಬಡ್ಡಿವ್ಯಾಪಾರಿಯೊಡನೆ ನಡೆದ ಸೆಣಸಾಟದಲ್ಲಿ ಅವನನ್ನು ಕೊಲ್ಲುತ್ತಾಳೆ. ನ್ಯಾಯಾಲಯದಲ್ಲಿ ಆಕೆಯ ಎದುರು ಸರ್ಕಾರಿ ಅಭಿಯೋಜಕನಾಗಿ ನಿಲ್ಲುವವನು ಅದೇ ತರುಣ. ಕೊನೆಗೆ ಇಬ್ಬರೂ ಪ್ರಾಣ ಕಳೆದುಕೊಳ್ಳುತ್ತಾರೆ.

ಒಂದು ಕಥೆಯಲ್ಲಿ ಕೊಲ್ಲುವ ಸಂಕಲ್ಪವಿದೆ, ಮರಣವಿಲ್ಲ. ಇನ್ನೊಂದರಲ್ಲಿ ಮರಣವಿದೆ, ಪೂರ್ವಸಂಕಲ್ಪವಿಲ್ಲ. ಲೋಕದ ನ್ಯಾಯವು ಶವವನ್ನು ಎಣಿಸುತ್ತದೆ. ಜಿನಧರ್ಮವು ಭಾವವನ್ನೂ ತೂಗುತ್ತದೆ. ಜನ್ನನು 1209ರಲ್ಲಿ ರಚಿಸಿದ ‘ಯಶೋಧರ ಚರಿತೆ’ಯಲ್ಲಿ ಹಿಟ್ಟಿನ ಕೋಳಿಯ ಬಲಿಯೂ ಭವಭವಗಳ ದುಃಖಕ್ಕೆ ಕಾರಣವಾಯಿತೆಂಬುದು ಓದುಗರಿಗೆ ತಿಳಿದದ್ದೇ. ಆ ತಕ್ಕಡಿಯಲ್ಲಿ ಶಕಾರನೇ ಹೆಚ್ಚಿನ ಅಪರಾಧಿ.

ಆದರೂ ಚಾರುದತ್ತನು ಶರಣುಬಂದ ಶಕಾರನನ್ನು ಬಿಡಿಸುತ್ತಾನೆ. ಸೇಡಿನ ಸರಪಣಿಯನ್ನು ಕಡಿಯುವ ಈ ಮುಕ್ತಾಯ ಜಪಾನೀ ಕಥೆಗಿಂತ ಉನ್ನತವೆಂಬುದು ನಿಸ್ಸಂದೇಹ. ಆದರೆ ಇಲ್ಲಿಯೇ ಒಂದು ಕೊರತೆಯೂ ಇದೆ. ವಸಂತಸೇನೆಯು ಚಾರುದತ್ತನ ಕೊರಳಿನ ವಧ್ಯಮಾಲೆಯನ್ನು ತೆಗೆದು ಶಕಾರನ ಮೇಲೆ ಎಸೆಯುತ್ತಾಳೆ. ಅದು ಆಕೆಯ ಅಭಿಪ್ರಾಯ. ಕ್ಷಮೆಯನ್ನು ಸಾರುವವನು ಮಾತ್ರ ಚಾರುದತ್ತ. ಕತ್ತು ಹಿಸುಕಿಸಿಕೊಂಡವಳನ್ನು ಯಾರೂ ಕೇಳುವುದಿಲ್ಲ. ಜಪಾನಿನ ಮೂಕಿಚಿತ್ರಗಳಲ್ಲಿ ತೆರೆಯ ಪಕ್ಕದಲ್ಲಿ ಬೆನ್ಶಿ ಎಂಬ ವ್ಯಾಖ್ಯಾನಕಾರನು ನಾಯಿಕೆಯ ಮಾತನ್ನೂ ತಾನೇ ಆಡುತ್ತಿದ್ದನು. ನಮ್ಮ ನಾಟಕವೂ ಈ ಘಟ್ಟದಲ್ಲಿ ಹಾಗೆಯೇ ಮಾಡಿದೆ.

ಚಾರುದತ್ತನಿಗೂ ಅನ್ಯಾಯವಾಗಿತ್ತು, ತನ್ನ ಪಾಲಿನದನ್ನು ಕ್ಷಮಿಸಲು ಅವನು ಅರ್ಹನೇ. ಆಕೆಯ ಪಾಲಿನದು ಅವನದಲ್ಲ. ಕ್ಷಮಾವಣಿಯ ದಿನ ನೊಂದವರ ಎದುರಿಗೇ ನಿಂತು ಕ್ಷಮೆ ಬೇಡುವ ಪದ್ಧತಿಯ ಮರ್ಮವೂ ಇದೇ. ಮನೆಯ ಕಲಹವನ್ನೋ ಬಸದಿಯ ವ್ಯಾಜ್ಯವನ್ನೋ ಬಗೆಹರಿಸುವ ಹಿರಿಯರು ‘ಹೋಗಲಿ ಬಿಡಮ್ಮ’ ಎನ್ನುವುದಕ್ಕೆ ಮೊದಲು ಆ ತಾಯಿಯ ಮಾತನ್ನು ಪೂರ್ತಿ ಕೇಳುವುದು ಧರ್ಮ. ಆಕೆಯ ಬಾಯಿಂದ ಬಂದ ಕ್ಷಮೆಯೇ ಕ್ಷಮೆ. ಉಳಿದದ್ದು ಬರಿಯ ರಾಜಿ.