ಅಳುವ ಚಿತ್ರಗಳ ತಕರಾರು

ಒಂದು ಸಿನಿಮಾವನ್ನು ಹೀಗಳೆಯಲು ‘ಬರೇ ಗೋಳು’ ಅಂದರೆ ಸಾಕು, ನಮ್ಮಲ್ಲಿ ಮುಂದೆ ಮಾತಿಲ್ಲ. ಪುಟ್ಟಣ್ಣ ಕಣಗಾಲರ ‘ಗೆಜ್ಜೆಪೂಜೆ’ (1969), ‘ಶರಪಂಜರ’ಗಳೂ (1971) ಈ ಒಂದೇ ತೀರ್ಪಿನಲ್ಲಿ ಕೊಚ್ಚಿಹೋಗುತ್ತವೆ. ಆದರೆ ಗೋಳಿನಲ್ಲೂ ತರತಮವಿದೆ. ಅಳು ಯಾರನ್ನು ಕಟಕಟೆಗೆ ಹತ್ತಿಸುತ್ತದೆ ಎಂಬುದೇ ಅದರ ಒರೆಗಲ್ಲು. ‘ಗೆಜ್ಜೆಪೂಜೆ’ಗೆ ಮೂಲವಾದ ಎಂ.ಕೆ. ಇಂದಿರಾ ಅವರ ಕಾದಂಬರಿಯ ಚಂದ್ರಾ ಓದಿದವಳು, ಮದುವೆಯ ಬಾಳು ಬಯಸಿದವಳು. ಹುಟ್ಟಿದ ಮನೆಯ ಹೆಸರೇ ಅವಳ ಕಾಲಿಗೆ ತೊಡರುತ್ತದೆ. ಎಮಿಲಿಯೊ ಫರ್ನಾಂಡಿಸ್‌ನ ಮೆಕ್ಸಿಕನ್ ಚಿತ್ರ ‘ಮರಿಯಾ ಕಾಂಡೆಲಾರಿಯಾ’ದಲ್ಲೂ (1943) ತಾಯಿ ವೇಶ್ಯೆಯಾಗಿದ್ದಳೆಂದು ಊರು ಮಗಳನ್ನು ದೂರವಿಡುತ್ತದೆ, ಕಡೆಗೆ ಕಲ್ಲು ಹೊಡೆದು ಕೊಲ್ಲುತ್ತದೆ. ಅಲ್ಲಿ ಕಲ್ಲು ಕಣ್ಣಿಗೆ ಕಾಣುತ್ತದೆ. ಚಂದ್ರಾಳಿಗೆ ಯಾರೂ ಕಲ್ಲೆಸೆಯುವುದಿಲ್ಲ. ಮರ್ಯಾದಸ್ಥರು ಮುಖ ತಿರುಗಿಸಿದರೆ ಸಾಕು, ಉಳಿದದ್ದನ್ನು ಅವಳೇ ಮಾಡಿಕೊಳ್ಳುತ್ತಾಳೆ.

ನಟನೆ ಅತಿಯಾಯಿತು ಎಂಬ ಆಕ್ಷೇಪ ಹಳೆಯದು, ಪೂರ್ತಿ ಸುಳ್ಳೂ ಅಲ್ಲ. ಎರಡೂ ಚಿತ್ರಗಳ ನಾಯಕಿ ಕಲ್ಪನಾ ಅವರ ದನಿ ಕೆಲವೆಡೆ ಬೇಕಾದ್ದಕ್ಕಿಂತ ಒಂದು ಮೆಟ್ಟಿಲು ಮೇಲೇ ನಿಲ್ಲುತ್ತದೆ. ಆದರೆ ಹಾನಗಲ್ಲು, ಸವಣೂರು, ತಡಸದ ಕಡೆಯ ಪ್ರೇಕ್ಷಕರಿಗೆ ಆ ಏರುದನಿಯ ರುಚಿ ಹತ್ತಿಸಿದ್ದು ಸಿನಿಮಾ ಅಲ್ಲ, ಶಿರಸಿ ಮಾರಿಕಾಂಬೆಯಂಥ ಜಾತ್ರೆಗಳಲ್ಲಿ ಬಿಡಾರ ಹೂಡುವ ಕಂಪನಿ ನಾಟಕ. ಅಲ್ಲಿ ಕೊನೆಯ ಸಾಲಿನವರಿಗೂ ನೋವು ಮುಟ್ಟಬೇಕು. ಗುಟ್ಟಿನ ಮಾತನ್ನೂ ಎತ್ತಿಯೇ ಆಡಬೇಕು. ರಂಗದಿಂದ ‘ಬೇಡರ ಕಣ್ಣಪ್ಪ’ (1954) ತೆರೆಗೆ ಬಂದಂತೆ, ತೆರೆಯ ಕಲ್ಪನಾ ಕೊನೆಗಾಲದಲ್ಲಿ ಗುಡಗೇರಿ ಬಸವರಾಜರ ಕಂಪನಿಯಲ್ಲಿ ಬಣ್ಣ ಹಚ್ಚಿದರು. ಆ ಗುಡಗೇರಿ ಇದೇ ಸೀಮೆಯದು, ಕುಂದಗೋಳ ತಾಲೂಕಿನದು. ಈ ಶೈಲಿಯನ್ನು ದೋಷವೆಂದು ಎಣಿಸುವ ಮೊದಲು ಅದು ಯಾರ ಕಿವಿಗೆಂದು ಹದವಾಯಿತೆಂಬುದನ್ನು ಕೇಳಬೇಡವೇ?

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದಿದೆ: ಅತ್ತು ಹಗುರಾಗಿ ಮನೆಗೆ ಹೋದ ಮೇಲೆ ಮನೆ ಇದ್ದಂತೆಯೇ ಇರುತ್ತದಲ್ಲ? ‘ಗೆಜ್ಜೆಪೂಜೆ’ ಈ ಏಟಿನಿಂದ ತಪ್ಪಿಸಿಕೊಳ್ಳಲಾರದು. ಸತ್ತ ಚಂದ್ರಾಳ ಮೇಲೆ ಮರುಕ ತೋರಿಸುವುದು ಸುಲಭ. ಅಣ್ಣ-ತಂಗಿಯರ ಅಕ್ಕರೆಯ ‘ತವರಿಗೆ ಬಾ ತಂಗಿ’ಯಂಥ (2002) ಚಿತ್ರಗಳಲ್ಲಂತೂ ಕಣ್ಣೀರು ಬೇಕಾದಷ್ಟು, ಮನೆತನವೆಂಬ ವ್ಯವಸ್ಥೆಯ ಮೇಲೆ ದೂರು ಮಾತ್ರ ಇಲ್ಲ. ‘ಶರಪಂಜರ’ ಆ ಸುಲಭದ ಬಾಗಿಲನ್ನು ಮುಚ್ಚುತ್ತದೆ. ತ್ರಿವೇಣಿಯವರ ಕಾದಂಬರಿಯ ಕಾವೇರಿ ಹೆರಿಗೆಯ ನಂತರ ಮನಸ್ಸು ಕೆಟ್ಟು, ಗುಣವಾಗಿ ಮನೆಗೆ ಬಂದವಳು. ಅಲ್ಲಿಂದ ಮುಂದೆ ಅವಳ ಒಂದೊಂದು ಮಾತನ್ನೂ ತೂಗಿ ನೋಡುವ ಕಣ್ಣುಗಳೇ ಚಿತ್ರದ ತುಂಬ. ನಕ್ಕರೂ ಹುಚ್ಚು, ಸಿಡುಕಿದರೂ ಹುಚ್ಚು. ಗಂಡನ ಪರಸಂಗ ಗೊತ್ತಾದಾಗ ಬರಬೇಕಾದ ನ್ಯಾಯವಾದ ಸಿಟ್ಟೂ ರೋಗದ ಲೆಕ್ಕಕ್ಕೇ ಜಮೆ. ಇಲ್ಲಿ ಯಾರೂ ಸಾಯುವುದಿಲ್ಲ. ಗಂಡನೂ ಇರುತ್ತಾನೆ, ಮನೆಯೂ ನಿಂತಿರುತ್ತದೆ. ಮತ್ತೆ ಆಸ್ಪತ್ರೆಗೆ ಹೋಗುವವಳು ಕಾವೇರಿ ಒಬ್ಬಳೇ.