ಆಡದೆ ದಾಟಿದ ಪಂದ್ಯಗಳು

ಕುಕ್ಕರ್ ಮೂರು ಸಲ ಕೂಗುವಷ್ಟರಲ್ಲಿ ನನ್ನ ತಂಗಿಯ ಮಗ ಹನ್ನೊಂದು ಬ್ಯಾಸ್ಕೆಟ್‌ಬಾಲ್ ಪಂದ್ಯಗಳನ್ನು ಮುಗಿಸಿದ್ದ. ನಾಲ್ಕು ಗೆಲುವು, ಏಳು ಸೋಲು. ನಾನು ಸೆರಗಿಗೆ ಕೈ ಒರೆಸಿಕೊಳ್ಳುತ್ತಾ ಹೊರಗೆ ಬಂದು, "ಇಷ್ಟು ಬೇಗ ಹೇಗೋ?" ಎಂದೆ. "ಆಡ್ಲಿಲ್ಲ ದೊಡ್ಡಮ್ಮ, ಸ್ಕಿಪ್ ಮಾಡ್ದೆ" ಎಂದ, ಟಿ.ವಿ.ಯಿಂದ ಕಣ್ಣು ತೆಗೆಯದೆ.

ಇಂಜಿನಿಯರಿಂಗ್ ಓದಲೆಂದು ಭದ್ರಾವತಿಯಿಂದ ಶಿವಮೊಗ್ಗಕ್ಕೆ ಬಂದು ನಮ್ಮ ಮನೆಯಲ್ಲಿರುವ ಹುಡುಗ. ಬರುವಾಗ ಒಂದು ಚೀಲ ಬಟ್ಟೆ, ಒಂದು ಚೀಲ ಪುಸ್ತಕ, ಒಂದು ಹಳೆಯ ಪ್ಲೇಸ್ಟೇಷನ್ ತಂದಿದ್ದ. ಬಟ್ಟೆಯ ಚೀಲವೂ ಪುಸ್ತಕದ ಚೀಲವೂ ಬಹಳ ದಿನ ಬಿಚ್ಚದೆ ಬಿದ್ದಿದ್ದವು. ಪ್ಲೇಸ್ಟೇಷನ್ ಮಾತ್ರ ಬಂದ ಸಂಜೆಯೇ ನಮ್ಮ ಟಿ.ವಿ.ಗೆ ತಗುಲಿಕೊಂಡಿತು. ನನ್ನ ಧಾರಾವಾಹಿಗಳು ಹೋದವು.

ಈ ವಯಸ್ಸಿನಲ್ಲಿ ಇವಳಿಗೇಕೆ ವೀಡಿಯೋ ಗೇಮಿನ ಉಸಾಬರಿ ಎಂದು ನೀವು ಕೇಳಬಹುದು. 1985ರಿಂದ 1987ರವರೆಗೆ ನಾನು ಕಾಲೇಜಿನ ಬ್ಯಾಸ್ಕೆಟ್‌ಬಾಲ್ ತಂಡದಲ್ಲಿ ಗಾರ್ಡ್ ಆಗಿದ್ದವಳು. ತಂಡದಲ್ಲಿ ಇದ್ದವಳು ಎಂದೆನೇ ಹೊರತು ಆಡಿದವಳು ಎನ್ನಲಿಲ್ಲ. ಅದನ್ನು ಆಮೇಲೆ ಹೇಳುತ್ತೇನೆ. ಅಂತೂ ಚೆಂಡು ನೆಲಕ್ಕೆ ಬಡಿಯುವ ಆ ಸದ್ದು ಕೇಳಿದರೆ ಇವತ್ತಿಗೂ ನನ್ನ ಕಾಲು ತಾನಾಗಿ ಅತ್ತ ಹೋಗುತ್ತದೆ. ಧಾರಾವಾಹಿ ಹೋದ ದುಃಖದಲ್ಲಿ ಹುಡುಗನ ಪಕ್ಕ ಕೂತೆ. ಎರಡು ತಿಂಗಳಲ್ಲಿ ಆ ಆಟದ ಒಳಗುಟ್ಟು ಸಾಕಷ್ಟು ತಿಳಿಯಿತು.

ಎನ್‌ಬಿಎ 2ಕೆ ಎಂಬುದು ಅದರ ಹೆಸರು. ಎನ್‌ಬಿಎ ಎಂದರೆ ಅಮೆರಿಕದ ವೃತ್ತಿಪರ ಬ್ಯಾಸ್ಕೆಟ್‌ಬಾಲ್ ಲೀಗ್. 1999ರಲ್ಲಿ ಸೆಗಾ ಕಂಪನಿಯ ಡ್ರೀಮ್‌ಕಾಸ್ಟ್ ಯಂತ್ರಕ್ಕೆಂದು ಮೊದಲು ಬಂದ ಈ ಆಟ, ಆಮೇಲೆ ಉಗಾದಿಗೆ ಹೊಸ ಪಂಚಾಂಗ ಬಂದ ಹಾಗೆ ವರ್ಷ ವರ್ಷವೂ ಹೊಸದಾಗಿ ಬರುತ್ತಿದೆ. 2009ರ ಆವೃತ್ತಿಯಿಂದ ಅದರಲ್ಲಿ ವೃತ್ತಿಜೀವನದ ಆಟವೊಂದು ಸೇರಿತು. ಇಡೀ ತಂಡವನ್ನು ಆಡಿಸುವ ಬದಲು ನೀವು ಒಬ್ಬನೇ ಒಬ್ಬ ಆಟಗಾರನನ್ನು ಸೃಷ್ಟಿಸಬೇಕು. ಅವನ ಎತ್ತರ, ಮೂಗು, ಕೂದಲು ಎಲ್ಲ ನಿಮ್ಮ ಇಷ್ಟ. ಅವನಿಗೊಂದು ಅಂಕಿ ಇರುತ್ತದೆ, ಶಾಲೆಯ ಅಂಕಪಟ್ಟಿಯಂತೆ. ಅರವತ್ತರ ಆಸುಪಾಸಿನಲ್ಲಿ ಶುರುವಾದವನು 99ರ ಕಡೆಗೆ ಏರಬೇಕು. ಏರಲು ಎನ್‌ಬಿಎಯ ಋತು ಇದೆ, ಒಂದು ಋತುವಿಗೆ 82 ಪಂದ್ಯ. ನಿಜವಾದ ಲೀಗಿನಲ್ಲೂ ಅಷ್ಟೇ. ಟಿ.ವಿ. ಪರದೆಯ ಮೇಲೆ ಒಂದು ಕ್ಯಾಲೆಂಡರ್ ಬರುತ್ತದೆ. ನಾವು ಹಾಲಿನ ಲೆಕ್ಕ ಬರೆಯುವ ಗೋಡೆ ಕ್ಯಾಲೆಂಡರಿನಂತೆಯೇ ಚೌಕ ಚೌಕ, ಚೌಕಗಳಲ್ಲಿ ಎದುರಾಳಿ ತಂಡದ ಗುರುತು. ಆಡಬೇಕೆಂದರೆ ಆಡಬಹುದು, ಬೇಡವೆಂದರೆ ಮುಂದಿನ ಮುಖ್ಯ ಪಂದ್ಯಕ್ಕೆ ನೇರ ಹಾರಿಬಿಡಬಹುದು. ನಡುವಿನ ಚೌಕಗಳು ಟಪಟಪನೆ ತುಂಬಿಕೊಳ್ಳುತ್ತವೆ.

ತುಂಬಿಕೊಳ್ಳುವ ಬಗೆಯೇ ನನ್ನನ್ನು ಕೆಣಕಿದ್ದು. ನಮ್ಮ ಹುಡುಗನ ಆಟಗಾರ ಆಡದ ಪಂದ್ಯದಲ್ಲೂ ಹದಿನೇಳು ಅಂಕ ಗಳಿಸಿರುತ್ತಾನೆ, ಆರು ಸಲ ಜೊತೆಗಾರರಿಗೆ ಚೆಂಡು ಕೊಟ್ಟು ಗೋಲು ಮಾಡಿಸಿರುತ್ತಾನೆ. ಯಾರು ಗಳಿಸಿದ್ದು? ಯಾರೂ ಅಲ್ಲ. ಅವನ ಅಂಕಿಯನ್ನೂ ಎದುರಾಳಿಗಳ ಅಂಕಿಯನ್ನೂ ಕೂಡಿ ಕಳೆದು ಯಂತ್ರ ಒಂದು ಫಲಿತಾಂಶ ಬರೆದಿಡುತ್ತದೆ. ಋತುವಿನ ಕೊನೆಗೆ ನೋಡಿದರೆ ಆಡಿದ್ದೂ ಆಡದ್ದೂ ಒಂದೇ ಪಟ್ಟಿಯಲ್ಲಿ, ಒಂದೇ ಬಣ್ಣದಲ್ಲಿ. ಯಾವುದಕ್ಕೆ ಬೆವರು ಸುರಿದಿತ್ತು ಎಂದು ಗುರುತಿಸುವ ಹಾಗೇ ಇಲ್ಲ.

ಹುಡುಗನನ್ನು ಬೈಯುವುದು ಸುಲಭ. ಆದರೆ ಅವನ ಕಡೆಯ ವಾದವೂ ಇದೆ, ನ್ಯಾಯವಾಗಿ ಅದನ್ನು ಮೊದಲು ಹೇಳಬೇಕು. ಒಂದು ಪಂದ್ಯಕ್ಕೆ ಅರ್ಧ ಗಂಟೆ ಎಂದಿಟ್ಟುಕೊಂಡರೂ 82ಕ್ಕೆ 41 ಗಂಟೆ ಆಯಿತು. ಅದೂ ಒಂದು ಋತುವಿಗೆ. ಇಷ್ಟು ಹೊತ್ತನ್ನು ಬೇಡುವ ಆಟ ಬದಲಿಗೆ ಏನು ಕೊಡುತ್ತದೆ? ನವೆಂಬರಿನ ಪಂದ್ಯಕ್ಕೂ ಫೆಬ್ರವರಿಯ ಪಂದ್ಯಕ್ಕೂ ಅಂಗಿಯ ಬಣ್ಣ ಬಿಟ್ಟರೆ ವ್ಯತ್ಯಾಸವಿಲ್ಲ. ಹೋದ ವಾರ ನಿಮ್ಮನ್ನು ಸೋಲಿಸಿದ ತಂಡ ಈ ವಾರ ಎದುರಾದರೆ ಅವರ ಮುಖದಲ್ಲಿ ಅದರ ನೆನಪೇ ಇರುವುದಿಲ್ಲ. ಸಾಲದ್ದಕ್ಕೆ 2012ರ ಆವೃತ್ತಿಯಿಂದ ಒಂದು ಬಗೆಯ ಹುಸಿ ನಾಣ್ಯ ಬಂದಿದೆ, ವಿಸಿ ಎನ್ನುತ್ತಾರೆ. ಪಂದ್ಯ ಆಡಿದರೆ ಒಂದಿಷ್ಟು ವಿಸಿ ಸಿಗುತ್ತದೆ, ಅದನ್ನು ಸುರಿದು ಆಟಗಾರನ ಅಂಕಿ ಏರಿಸಬೇಕು. ಅಷ್ಟು ತಾಳ್ಮೆ ಇಲ್ಲದವರು ನಿಜವಾದ ದುಡ್ಡು ಕೊಟ್ಟು ವಿಸಿ ಕೊಳ್ಳಬಹುದು. ನಡೆಯುವ ದಾರಿಗೆ ಮುಳ್ಳು ಹರಡಿ, ಪಕ್ಕದಲ್ಲೇ ಆಟೋ ನಿಲ್ಲಿಸಿಕೊಂಡು ಕೂತವನ ವ್ಯಾಪಾರ ಇದು. ದಾರಿ ಚೆನ್ನಾಗಿದ್ದರೆ ಆಟೋ ಯಾರು ಹತ್ತುತ್ತಾರೆ? ಆಟ ಮಾಡಿದವರಿಗೇ ಈ 82ರಲ್ಲಿ ನಂಬಿಕೆ ಇದ್ದಂತಿಲ್ಲ. 2015ರಲ್ಲಿ ಸ್ಪೈಕ್ ಲೀಯಂಥ ದೊಡ್ಡ ಸಿನಿಮಾ ನಿರ್ದೇಶಕನನ್ನು ಕರೆಸಿ ಕಥೆ ಬರೆಸಿದರು. ಆ ಸಲ ಆಟಗಾರನ ಮೊದಲ ವರ್ಷದಲ್ಲಿ ಆಡಲು ಸಿಕ್ಕಿದ್ದು ಬೆರಳೆಣಿಕೆಯ ಪಂದ್ಯ, ಉಳಿದದ್ದೆಲ್ಲ ಸಿನಿಮಾ.

ಇನ್ನು ನಿಜವಾದ ಎನ್‌ಬಿಎಯಲ್ಲಾದರೂ ಎಲ್ಲರೂ ಎಲ್ಲ ಪಂದ್ಯ ಆಡುತ್ತಾರೆಯೇ? ಮೈಕೆಲ್ ಜೋರ್ಡನ್ 1996ರಿಂದ 1998ರವರೆಗೆ ಸತತ ಮೂರು ಸಲ ಪ್ರಶಸ್ತಿ ಗೆದ್ದ ಋತುಗಳಲ್ಲಿ ಎಂಬತ್ತೆರಡಕ್ಕೆ ಎಂಬತ್ತೆರಡೂ ಆಡಿದ್ದ. ಎ.ಸಿ. ಗ್ರೀನ್ ಎಂಬ ಇನ್ನೊಬ್ಬ 1986ರಿಂದ 2001ರವರೆಗೆ ಒಂದನ್ನೂ ತಪ್ಪಿಸದೆ 1,192 ಪಂದ್ಯ ಆಡಿದ. ಆಮೇಲೆ ಗಾಳಿ ಬದಲಾಯಿತು. 2012ರ ನವೆಂಬರಿನಲ್ಲಿ ಸ್ಯಾನ್ ಆಂಟೋನಿಯೋ ತಂಡದ ಕೋಚ್ ಗ್ರೆಗ್ ಪೊಪೊವಿಚ್ ತನ್ನ ಮುಖ್ಯ ಆಟಗಾರರನ್ನು ಮಯಾಮಿಯ ಪಂದ್ಯ ಆಡಿಸದೆ ಮನೆಗೆ ಕಳಿಸಿದಾಗ, ಲೀಗು ಆ ತಂಡಕ್ಕೆ ಎರಡೂವರೆ ಲಕ್ಷ ಡಾಲರ್ ದಂಡ ಹಾಕಿತು. ಕವಾಯಿ ಲೆನಾರ್ಡ್ 2018-19ರಲ್ಲಿ 82ರಲ್ಲಿ 60 ಮಾತ್ರ ಆಡಿ, ಕೊನೆಗೆ ಟೊರೊಂಟೊ ತಂಡಕ್ಕೆ ಕಪ್ ಗೆದ್ದುಕೊಟ್ಟ. ದಣಿವನ್ನು ನಿಭಾಯಿಸುವುದು ಎಂದು ಅದಕ್ಕೊಂದು ಗೌರವದ ಹೆಸರೂ ಬಂತು, ಲೋಡ್ ಮ್ಯಾನೇಜ್‌ಮೆಂಟ್. 2023-24ರಿಂದ, 65 ಪಂದ್ಯವಾದರೂ ಆಡದವರಿಗೆ ದೊಡ್ಡ ವೈಯಕ್ತಿಕ ಪ್ರಶಸ್ತಿಗಳಿಲ್ಲ ಎಂದು ನಿಯಮ ಮಾಡಿದರು. ಹೀಗೆ ಅಲ್ಲಿ ತಪ್ಪಿಸಿಕೊಂಡರೆ ಲೆಕ್ಕ ಇಡುವವರಿದ್ದಾರೆ. ಆಡದವನ ಹೆಸರಿನ ಮುಂದೆ ಆಡಲಿಲ್ಲ ಎಂದೇ ಬರೆಯುತ್ತಾರೆ, ಹದಿನೇಳು ಅಂಕ ಎಂದು ಬರೆಯುವುದಿಲ್ಲ.

ಒಂದು ದಿನ ನನಗೂ ಒಬ್ಬ ಆಟಗಾರನನ್ನು ಮಾಡಿಕೊಡು ಎಂದೆ. "ಹೆಣ್ಣುಮಕ್ಕಳಿಲ್ವೇನೋ ಇದರಲ್ಲಿ?" ಎಂದೂ ಕೇಳಿದೆ. 2019ರಲ್ಲಿ ಮಹಿಳಾ ಲೀಗಿನ ತಂಡಗಳು ಈ ಆಟದೊಳಗೆ ಬಂದವಂತೆ. 2020ರಲ್ಲಿ ಹೆಣ್ಣು ಆಟಗಾರ್ತಿಗೂ ವೃತ್ತಿಜೀವನ ಕೊಟ್ಟರಂತೆ, ಆದರೆ ಹೊಸ ಯಂತ್ರ ಇದ್ದವರಿಗೆ ಮಾತ್ರ. ನಮ್ಮದು ಹಳೆಯದು. ಹಾಗಾಗಿ ಐದಡಿ ಎರಡಂಗುಲದ ನಾನು ಆರಡಿ ಮೂರಂಗುಲದ ಗಂಡಸಾಗಿ ಎನ್‌ಬಿಎ ಪ್ರವೇಶಿಸಿದೆ. ನಮ್ಮವರು ನೋಡಿ ನಕ್ಕರು.

ಹೊಸಬನೆಂದು ಕೋಚ್ ನನ್ನನ್ನು ಬೆಂಚಿನ ಮೇಲೆ ಕೂರಿಸಿದ. ಆಡಲು ಬಿಟ್ಟಾಗ ಗಡಿಬಿಡಿಯಲ್ಲಿ ತಪ್ಪು ಪಾಸ್ ಕೊಟ್ಟೆ. ಪರದೆಯ ಮೂಲೆಯಲ್ಲಿ ನನ್ನ ದರ್ಜೆ ಸಿ ಆಯಿತು, ಮತ್ತೆ ಬೆಂಚು. ಆಗ ಪರದೆಯ ಮೇಲೆ ಒಂದು ಸೂಚನೆ ಬಂತು. ಈ ಗುಂಡಿ ಒತ್ತಿದರೆ ನಿಮ್ಮ ಮುಂದಿನ ಸರದಿಗೆ ಹೋಗಬಹುದು ಎಂದು. ಹುಡುಗ, "ಒತ್ತು ದೊಡ್ಡಮ್ಮ, ಬೆಂಚಲ್ಲಿ ಕೂತು ಏನ್ ನೋಡ್ತೀಯಾ?" ಎಂದ.

ಏನು ನೋಡುತ್ತೇನೆಂದರೆ, ನನಗೆ ಗೊತ್ತಿರುವ ಬ್ಯಾಸ್ಕೆಟ್‌ಬಾಲೆಲ್ಲ ನಾನು ಬೆಂಚಿನಿಂದಲೇ ಕಲಿತದ್ದು. ನಮ್ಮ ಕಾಲದಲ್ಲಿ ಇಪ್ಪತ್ತಿಪ್ಪತ್ತು ನಿಮಿಷದ ಎರಡು ಭಾಗ. ಅದರಲ್ಲಿ ನನ್ನ ಪಾಲಿಗೆ ಐದಾರು ನಿಮಿಷ ಬಂದರೆ ಹೆಚ್ಚು. ಉಳಿದಷ್ಟು ಹೊತ್ತು ಗೆಳತಿಯರ ಚಪ್ಪಲಿ, ನೀರಿನ ಬಾಟಲಿ ಕಾಯುತ್ತಾ ಕೂತಿರುತ್ತಿದ್ದೆ. ಒಂದು ಅಂತರ ಕಾಲೇಜು ಪಂದ್ಯದಲ್ಲಿ ಎದುರು ತಂಡದ ಒಬ್ಬಳು ನಮ್ಮವರನ್ನು ಹಣ್ಣುಗಾಯಿ ಮಾಡುತ್ತಿದ್ದಳು. ಅರ್ಧ ಪಂದ್ಯ ಅವಳನ್ನೇ ನೋಡುತ್ತಾ ಕೂತಿದ್ದರಿಂದ ನನಗೊಂದು ವಿಷಯ ಹೊಳೆಯಿತು. ಅವಳು ಎಡಗಡೆಗೆ ಹೋಗುವುದೇ ಇಲ್ಲ, ಎಡಕ್ಕೆ ಹೋಗುವಂತೆ ಮೈ ತಿರುಗಿಸಿ ಬಲಕ್ಕೇ ನುಗ್ಗುತ್ತಾಳೆ. ಕೊನೆಯ ಐದು ನಿಮಿಷಕ್ಕೆ ನನ್ನನ್ನು ಇಳಿಸಿದಾಗ ಅವಳ ಬಲಗಡೆಗೆ ನಿಂತೆ, ಅಷ್ಟೇ. ಪಂದ್ಯ ಸೋತೆವು. ಆದರೆ ಆ ಐದು ನಿಮಿಷ ಅವಳಿಗೆ ಒಂದು ಗೋಲೂ ಸಿಗಲಿಲ್ಲ. ಇಷ್ಟು ವರ್ಷ ಕಳೆದರೂ ಅದನ್ನು ಹೇಳುವಾಗ ನನ್ನ ದನಿ ಏರುತ್ತದೆ, ಕ್ಷಮಿಸಿ.

ಈ ಆಟದ ಮೇಲೆ ನನ್ನ ದೊಡ್ಡ ಆಕ್ಷೇಪಣೆ ಇದೇ. ಗುಂಡಿ ಇಟ್ಟದ್ದರ ಬಗ್ಗೆ ತಕರಾರಿಲ್ಲ. ಒತ್ತದೆ ಕೂತವರಿಗೆ ಅದು ಏನನ್ನೂ ಕೊಡುವುದಿಲ್ಲ ಎಂಬುದು ತಕರಾರು. ಬೆಂಚಿನ ಮೇಲೆ ಕಣ್ಣಿಟ್ಟು ಕೂತವಳಿಗೂ ಗುಂಡಿ ಒತ್ತಿ ಹಾರಿದವಳಿಗೂ ಅಂಕಪಟ್ಟಿಯಲ್ಲಿ ಭೇದವಿಲ್ಲ. ನೋಡುವುದೂ ಆಟದ ಒಂದು ಭಾಗ ಎಂದು ಅದನ್ನು ಮಾಡಿದವರ ತಲೆಗೆ ಬಂದಂತಿಲ್ಲ.

ಇದನ್ನೆಲ್ಲ ಒಂದು ಭಾನುವಾರ ಹುಡುಗನಿಗೆ ಸ್ವಲ್ಪ ಗಟ್ಟಿಯಾಗಿಯೇ ಹೇಳುತ್ತಿದ್ದೆ. ಮಗನನ್ನು ನೋಡಲೆಂದು ಬಂದಿದ್ದ ತಂಗಿ ಪಕ್ಕದಲ್ಲಿ ಅವರೆಕಾಯಿ ಬಿಡಿಸುತ್ತಿದ್ದಳು. ನಡುವಿನ ಪಂದ್ಯಗಳನ್ನು ಆಡದೆ ಮುಖ್ಯವಾದದ್ದಕ್ಕೆ ಮಾತ್ರ ಹಾಜರಾಗುವುದು ಯಾವ ಆಟವೋ ಎಂದೆ. ತಂಗಿ ತಲೆ ಎತ್ತದೆ, "ಬಿಡಕ್ಕಾ, ಮುಖ್ಯವಾದ್ದಕ್ಕೆ ಬಂದ್ರೆ ಸಾಕಲ್ಲ" ಎಂದಳು.

ಅವಳು ಆಟದ ವಿಷಯವನ್ನೇ ಹೇಳಿದ್ದಿರಬಹುದು. ಚುಚ್ಚಿ ಮಾತಾಡುವವಳಲ್ಲ ಅವಳು. ನಾನು ಎದ್ದು ಒಳಗೆ ಹೋದೆ, ಒಲೆಯ ಮೇಲೆ ಏನೂ ಇಲ್ಲದಿದ್ದರೂ.

ನಮ್ಮಮ್ಮ ಹಾಸಿಗೆ ಹಿಡಿದದ್ದು 2009ರಲ್ಲಿ. ಮೂರು ವರ್ಷ ಭದ್ರಾವತಿಯಲ್ಲಿ ತಂಗಿಯ ಮನೆಯಲ್ಲೇ ಇದ್ದರು. ಶಿವಮೊಗ್ಗಕ್ಕೂ ಭದ್ರಾವತಿಗೂ ಎಷ್ಟು ದೂರ, ಬಸ್ಸು ಹತ್ತಿದರೆ ಮುಕ್ಕಾಲು ಗಂಟೆ. ನನಗೆ ಕೆಲಸವಿತ್ತು, ಅತ್ತೆಯವರಿದ್ದರು, ಕಾರಣಗಳು ಸುಳ್ಳಲ್ಲ. ಉಗಾದಿಗೆ ಹೋದೆ, ಗೌರಿಹಬ್ಬಕ್ಕೆ ಸೀರೆ ಒಯ್ದೆ, ಆಸ್ಪತ್ರೆಗೆ ಸೇರಿಸಿದಾಗಲೆಲ್ಲ ಓಡಿದೆ, ಡಾಕ್ಟರ ಹತ್ತಿರ ಮಾತಾಡುವವಳೂ ದುಡ್ಡು ಕಟ್ಟುವವಳೂ ನಾನೇ. ಕೊನೆಯ ದಿನವೂ ಇದ್ದೆ. ವೈಕುಂಠ ಸಮಾರಾಧನೆಗೆ ಬಂದ ನೆಂಟರೆಲ್ಲ, ದೊಡ್ಡ ಮಗಳು ತಾಯಿಯನ್ನು ಎಷ್ಟು ಚೆನ್ನಾಗಿ ನೋಡಿಕೊಂಡಳು ಎಂದರು. ತಂಗಿ ಎಲೆ ಹಾಕುತ್ತಿದ್ದಳು. ನಾನು ಆ ಮಾತನ್ನು ತಿದ್ದಲಿಲ್ಲ. ನಡುವಿನ ಚೌಕಗಳಲ್ಲಿ ಮೈ ಒರೆಸಿದವಳು, ಗಂಜಿ ಕುಡಿಸಿದವಳು, ಮಗ್ಗುಲು ಬದಲಿಸಿದವಳು ಯಾರು ಎಂದು ಯಾರೂ ಕೇಳಲಿಲ್ಲ. ನನ್ನ ಹೆಸರಿನ ಮುಂದೆ ಹದಿನೇಳು ಅಂಕ ಬರೆದಾಗಿತ್ತು.

ಆವತ್ತು ರಾತ್ರಿ ಊಟಕ್ಕೆ ಕೂತಾಗ ಹುಡುಗನನ್ನು, ಅಜ್ಜಿಯ ನೆನಪಿದೆಯೇನೋ ಎಂದು ಕೇಳಿದೆ. ಆಗ ಅವನಿಗೆ ಆರೋ ಏಳೋ. "ಅಜ್ಜಿಗೆ ರಾತ್ರಿ ಎರಡು ಸಲ ಮಗ್ಗುಲು ಬದಲಾಯಿಸ್ಬೇಕಿತ್ತಲ್ಲ ದೊಡ್ಡಮ್ಮ, ಅಮ್ಮ ಅಲಾರಂ ಇಟ್ಕೊಂಡು ಏಳ್ತಿದ್ಳು. ನಂಗೂ ಎಚ್ಚರ ಆಗ್ತಿತ್ತು" ಎಂದ. ಹೇಳಿ ಸಾರು ಬಡಿಸಿಕೊಂಡ. ಎರಡು ಸಲ ಎಂಬುದು ನನಗೆ ಗೊತ್ತಿರಲಿಲ್ಲ.

ಮಾರನೆಯ ಬೆಳಿಗ್ಗೆ ತಂಗಿಗೆ ಫೋನ್ ಮಾಡಿದೆ. ಬಾಯಿಗೆ ಬಂದದ್ದು ಅವರೆಕಾಳಿನ ಹುಳಿ ಚೆನ್ನಾಗಿತ್ತು ಎಂಬ ಮಾತು. ಆಮೇಲೆ, ಅಮ್ಮನಿಗೆ ರಾತ್ರಿ ಎಷ್ಟು ಗಂಟೆಗೆ ಏಳುತ್ತಿದ್ದೆ ಎಂದು ಕೇಳಿದೆ. ಅತ್ತ ಕಡೆ ಸ್ವಲ್ಪ ಹೊತ್ತು ಮಾತಿಲ್ಲ. "ಒಂದೂವರೆಗೆ ಒಂದ್ಸಲ, ನಾಲ್ಕಕ್ಕೆ ಒಂದ್ಸಲ. ಯಾಕಕ್ಕಾ ಈಗ?" ಎಂದಳು. ಸುಮ್ಮನೆ ಕೇಳಿದೆ ಎಂದೆ. ಅವಳು ಫೋನ್ ಇಡಲಿಲ್ಲ. ಅಮ್ಮ ನಾಲ್ಕು ಗಂಟೆಗೆ ಎದ್ದರೆ ಕಾಫಿ ಬೇಕೆಂದು ಹಟ ಮಾಡುತ್ತಿದ್ದದ್ದು, ಡಾಕ್ಟರು ಬೇಡವೆಂದಿದ್ದರೂ ಇವಳು ಅರ್ಧ ಲೋಟ ಮಾಡಿಕೊಡುತ್ತಿದ್ದದ್ದು, ಅದನ್ನು ನನಗೆ ಹೇಳಬೇಡವೆಂದು ಅಮ್ಮ ಆಣೆ ಹಾಕಿಸಿದ್ದು, ಎಲ್ಲ ಹೇಳಿದಳು. ಇಬ್ಬರೂ ನಕ್ಕೆವು. ಅವಳ ಹಾಲು ಉಕ್ಕಿಹೋಯಿತಂತೆ.

ನನ್ನ ಆರಡಿ ಮೂರಂಗುಲದವನ ಅಂಕಿ ಈಗ 67. ಹುಡುಗನ ಲೆಕ್ಕದಲ್ಲಿ ಇದು ನಾಚಿಕೆಗೇಡು. ವಾರಕ್ಕೆ ಎರಡು ಪಂದ್ಯ ಆಡುತ್ತೇನೆ, ಬೆಂಚಿನಲ್ಲಿ ಕೂರಿಸಿದರೆ ಕೂರುತ್ತೇನೆ. ಎದುರಿನ ಯಂತ್ರದ ಆಟಗಾರ ಬಲಕ್ಕೇ ನುಗ್ಗುತ್ತಾನೋ ಎಂದು ನೋಡುತ್ತೇನೆ. ಇಲ್ಲಿಯವರೆಗೆ ಅಂಥವನು ಒಬ್ಬನೂ ಸಿಕ್ಕಿಲ್ಲ. 82ರಲ್ಲಿ ಇಪ್ಪತ್ತಮೂರು ಆಗಿದೆ. ಜೂನಿನಲ್ಲಿ ಹುಡುಗ ಪರೀಕ್ಷೆ ಮುಗಿಸಿ ಪ್ಲೇಸ್ಟೇಷನ್ ಸಮೇತ ಊರಿಗೆ ಹೋಗುತ್ತಾನೆ, ಅಷ್ಟರಲ್ಲಿ ಋತು ಮುಗಿಯುವುದಿಲ್ಲ. ಉಳಿದದ್ದನ್ನು ಭದ್ರಾವತಿಗೇ ಬಂದು ಆಡು ಎಂದಿದ್ದಾಳೆ ತಂಗಿ.